ಬೆಳೆಯುತ್ತಿದ್ದ ಹಗ್ಗ

ಆ ಮನೆಯಲ್ಲಿ ಬೆಳಗಿನ ಚಹಾಕ್ಕೆ ಎಷ್ಟು ಸಕ್ಕರೆ ಬೀಳಬೇಕು ಅನ್ನುವುದನ್ನು ಕಡಲು ತೀರ್ಮಾನಿಸುತ್ತಿತ್ತು.

ಬೆಳಕು ಹರಿಯುವ ಹೊತ್ತಿಗೆ ಅಜ್ಜ ಹಿತ್ತಿಲ ಬಾಗಿಲು ತೆರೆದು ಮರಳಿಗೆ ಇಳಿಯುತ್ತಿದ್ದ. ಅಲ್ಲಿ ನೆಟ್ಟ ಕೋಲಿನಿಂದ ಹಿಡಿದು ಉಬ್ಬರದ ನೀರು ಬಿಟ್ಟುಹೋದ ಒದ್ದೆ ಗೆರೆಯವರೆಗೆ ಹೆಜ್ಜೆ ಎಣಿಸಿ ಬರುತ್ತಿದ್ದ. ಬಂದವನು ಅಡುಗೆಮನೆಯ ಹೊಸ್ತಿಲಲ್ಲಿ ನಿಂತು, ಕಾಲಿನ ಮರಳು ಕೊಡವುತ್ತ ಒಂದು ಸಂಖ್ಯೆ ಹೇಳುತ್ತಿದ್ದ. "ಇಪ್ಪತ್ನಾಲ್ಕು" ಅಂದರೆ ಸೊಸೆ ಲೋಟಕ್ಕೆ ಎರಡು ಚಮಚ ಸಕ್ಕರೆ ಹಾಕುತ್ತಿದ್ದಳು. "ಇಪ್ಪತ್ತು" ಅಂದರೆ ಒಂದು. ಅದಕ್ಕೂ ಕೆಳಗಿಳಿದರೆ ಅಜ್ಜ ಒಂದು ಗುಟುಕು ಕುಡಿದು, ಮುಖ ಹಿಂಡಿ, "ಏನಮ್ಮಾ, ಈ ಚಹಾಕ್ಕೆ ಡಾಕ್ಟ್ರು ಪಥ್ಯ ಹೇಳಿದ್ದಾರಾ?" ಅನ್ನಬೇಕಾಗುತ್ತಿತ್ತು.

ಈ ಎಣಿಕೆ ಶುರುವಾದದ್ದು ಮಳೆಗಾಲದ ಕೊನೆಗೆ, ಹಿತ್ತಿಲಿನಿಂದ ಮರಳಿಗೆ ಇಳಿಯುವ ಏಳು ಮೆಟ್ಟಿಲುಗಳಲ್ಲಿ ಐದು ಒಂದೇ ವಾರದಲ್ಲಿ ಕೊಚ್ಚಿಹೋದಾಗ. ಮನೆಯ ಕಡಲ ಬದಿಯ ಕೋಣೆಯಲ್ಲಿ ಸೊಸೆಯ ಬ್ರೆಡ್ಡಿನ ಭಟ್ಟಿ ಇತ್ತು. ಇಟ್ಟಿಗೆಯ ಗುಮ್ಮಟ, ಕಬ್ಬಿಣದ ಬಾಯಿ. ದಿನಾ ಮುನ್ನೂರು ಬನ್ನು, ನಲವತ್ತು ಬ್ರೆಡ್ಡು. ಬೀದಿಗಿಷ್ಟು, ಬಂದರಿನ ಕ್ಯಾಂಟೀನಿಗಿಷ್ಟು. ಅವಳು ಈ ಮನೆಗೆ ಬಂದ ಎರಡನೇ ವರ್ಷ ತಾನೇ ನಿಂತು ಕಟ್ಟಿಸಿದ್ದು. ಮೆಟ್ಟಿಲು ಹೋದ ಮಾರನೆಯ ದಿನವೇ ಅವಳು ಊಟದ ಹೊತ್ತಿಗೆ ಮಾತು ತೆಗೆದಳು.

"ಭಟ್ಟಿ ಬಿಚ್ಚಿ ಬೇರೆ ಕಡೆ ಕಟ್ಟೋಣ. ಬಿಚ್ಚಿದ್ರೆ ಇಟ್ಟಿಗೆ ಆದ್ರೂ ಉಳಿಯುತ್ತೆ, ಬಿದ್ರೆ ಅದೂ ಇಲ್ಲ. ನಾದಿನಿ ಮನೆ ಹಿಂದೆ ಶೆಡ್ಡು ಖಾಲಿ ಇದೆಯಂತೆ, ಬನ್ನಿ ಅಂತ ಕರೀತಿದ್ದಾರೆ."

ನಾದಿನಿಯನ್ನು ಕೊಟ್ಟಿದ್ದು ಬಂದರಿನ ಆ ಬದಿಗೆ, ದೋಣಿ ಕಟ್ಟುವವನ ಮನೆಗೆ. ನಡುವೆ ಇದ್ದದ್ದು ಬಂದರಿನ ಬಾಯಿ, ಬಾಯಿಗೆ ಕಾವಲಾಗಿ ಕಡಲೊಳಗೆ ಚಾಚಿದ ಕಲ್ಲಿನ ತಡೆಗೋಡೆ.

"ಮಗಳ ಮನೆ ಶೆಡ್ಡಿಗಾ?" ಅಜ್ಜ ತಟ್ಟೆಯಿಂದ ತಲೆ ಎತ್ತಲಿಲ್ಲ. "ಕಡಲು ಮಳೆಗಾಲದಲ್ಲಿ ತಿಂದದ್ದನ್ನ ಬೇಸಿಗೇಲಿ ಕಕ್ಕುತ್ತೆ. ನಾನು ಹುಟ್ಟಿದಾಗಿಂದ ನೋಡ್ತಿದ್ದೀನಿ. ಮರಳು ಅಂದ್ರೇನೇ ಮರಳಿ ಬರೋದು. ಹೆಸರಲ್ಲೇ ಇದೆ."

"ಅದನ್ನ ನಂಬಿ ಕೂತೋರಿಗೂ ಒಂದು ಹೆಸರಿದೆ ಮಾವ. ಮರುಳರು ಅಂತ."

ಮೊಮ್ಮಗಳು ಫಕ್ಕನೆ ನಕ್ಕು, ಅಜ್ಜಿಯ ಕಣ್ಣು ಕಂಡು ನೀರು ಕುಡಿದಳು. ಒಗೆದ ಬಟ್ಟೆಗೆ ಹಾಕುವ ಕ್ಲಿಪ್ಪುಗಳನ್ನು ಸದಾ ಫ್ರಾಕಿನ ಕೊರಳಿಗೆ ಸಿಕ್ಕಿಸಿಕೊಂಡು ತಿರುಗುತ್ತಿದ್ದುದರಿಂದ ಅವಳಿಗೆ ಮನೆಯಲ್ಲಿ ಕ್ಲಿಪ್ಪು ಅಂತಲೇ ಹೆಸರು.

ಕೊನೆಗೆ ಅಜ್ಜಿಯೇ ರಾಜಿ ಮಾಡಿಸಿದಳು. ಹಿತ್ತಿಲಲ್ಲಿ ಅಜ್ಜನ ಕೋಲು ಹೇಗೂ ಇದೆ. ಅಲ್ಲಿಂದ ನೀರಿಗೆ ದಿನಾ ಅಳೆಯುವುದು. ಹತ್ತು ಹೆಜ್ಜೆಗೆ ಇಳಿದ ದಿನ ಯಾರೂ ಮಾತಾಡದೆ ಭಟ್ಟಿ ಬಿಚ್ಚುವುದು. ಅಲ್ಲಿಯವರೆಗೆ ಯಾರೂ ಮಾತಾಡದೆ ಉಣ್ಣುವುದು.

"ಅಳೆಯೋದು ಯಾರು?" ಅಂದಳು ಸೊಸೆ.

"ನಾನಿಲ್ವಾ? ಮೂವತ್ತೊಂದು ವರ್ಷ ನನ್ನ ಅಳತೆ ನಂಬಿ ಹಡಗುಗಳು ಒಳಗೆ ಬಂದಿವೆ. ಒಂದಾದ್ರೂ ತಳ ತಾಗಿಸ್ಕೊಂಡಿತಾ?"

ಒಂದೂ ತಾಗಿಸಿಕೊಂಡಿರಲಿಲ್ಲ. ಅಜ್ಜ ದುಡಿದದ್ದು ಹೂಳೆತ್ತುವ ಹಡಗಿನಲ್ಲಿ. ಬಂದರಿನ ಬಾಯಲ್ಲಿ ಬಂದು ಬೀಳುವ ಮರಳನ್ನು ಬಾಚಿ, ದೂರದ ಆಳಕ್ಕೆ ಒಯ್ದು ಸುರಿದು ಬರುವುದು, ಮತ್ತೆ ಎಷ್ಟು ಆಳವಾಯಿತೆಂದು ಕೋಲು ಇಳಿಸಿ ನೋಡುವುದು. ಬಂದರಿನವರು ಹೂಳಣ್ಣ ಅನ್ನುತ್ತಿದ್ದರು. ನಿವೃತ್ತಿಯ ದಿನ ಗೋಡೆ ಗಡಿಯಾರ ಕೊಡಲು ಬಂದರೆ, "ಗಡಿಯಾರ ನೀವೇ ಇಟ್ಕೊಳ್ಳಿ, ತಡವಾಗಿ ಬರೋರು ನೀವು. ನನಗೆ ಕೋಲು ಕೊಡಿ" ಎಂದು ಆಳ ನೋಡುವ ಕೋಲನ್ನೇ ಹೆಗಲ ಮೇಲೆ ಹೊತ್ತು ತಂದಿದ್ದ. ಕೆಂಪು ಬಿಳಿ ಪಟ್ಟೆಯ, ಎರಡಾಳೆತ್ತರದ ಕೋಲು. ಈಗ ಅದು ಭಟ್ಟಿಯ ಗೋಡೆಯಿಂದ ಇಪ್ಪತ್ತೈದು ಹೆಜ್ಜೆ ಆಚೆ ಮರಳಲ್ಲಿ ನಿಂತಿತ್ತು. ಗೋಡೆಯ ಕೊಕ್ಕೆಯಿಂದ ಕೋಲಿಗೆ ಅಜ್ಜಿಯ ಬಟ್ಟೆ ಹಗ್ಗ. ನಡುವೆ ಜೋಲದಂತೆ ಎರಡು ಕವೆಗೋಲು. ಬ್ರೆಡ್ಡಿನ ಹಿಟ್ಟಿಗೆ ಹೊದಿಸುವ ಹನ್ನೆರಡು ಬಿಳಿ ಬಟ್ಟೆಗಳು ದಿನಾ ಅದರ ಮೇಲೆ ಪಟಪಟನೆ ಬಡಿದುಕೊಳ್ಳುತ್ತಿದ್ದವು.

ಮೊದಲ ವಾರ ಇಪ್ಪತ್ನಾಲ್ಕಿತ್ತು. ಎರಡನೆಯ ವಾರ ಇಪ್ಪತ್ತೊಂದಾಯಿತು. ಮಳೆ ನಿಂತು ಹನ್ನೆರಡು ದಿನವಾಗಿತ್ತು, ಕಡಲು ಕಕ್ಕುವ ಲಕ್ಷಣ ತೋರಿಸಲಿಲ್ಲ. ಹತ್ತೊಂಬತ್ತಾದ ದಿನ ಊಟಕ್ಕೆ ಕೂತಾಗ ಸೊಸೆ ಗಂಡನ ಕಡೆ ತಿರುಗಿದಳು. ಅವನು ಟಿಪ್ಪರ್ ಲಾರಿಯ ಡ್ರೈವರು. ಕ್ವಾರಿಯಿಂದ ಕಲ್ಲು ತಂದು ತಡೆಗೋಡೆಯ ತುದಿಗೆ ಸುರಿಯುವುದು, ದಿನಕ್ಕೆ ಆರು ಟ್ರಿಪ್ಪು. ತಡೆಗೋಡೆಯನ್ನು ಇನ್ನೂ ನೂರು ಗಜ ಉದ್ದ ಮಾಡುತ್ತಿದ್ದರು.

"ಇವತ್ತು ಎಷ್ಟು ಟ್ರಿಪ್ಪು?"

"ಆರು."

"ಅಂದ್ರೆ ನಮ್ಮನೆ ಆರು ಸಲ ಕುಸೀತು."

"ಶುರುವಾಯ್ತು ನೋಡು," ಅವನು ತುತ್ತನ್ನು ತಟ್ಟೆಗೆ ಬಿಟ್ಟ. "ಕಲ್ಲು ಹಾಕ್ತಿರೋದು ಅಲ್ಲಿ. ಮರಳು ಹೋಗ್ತಿರೋದು ಇಲ್ಲಿ. ನನ್ನ ಲಾರಿಗೇನು ಸಂಬಂಧ?"

ಸೊಸೆ ಎದ್ದು ಹೋಗಿ ಹಿಟ್ಟು ನಾದುವ ಹಲಗೆಯನ್ನೇ ತಂದು ಊಟದ ಮೇಜಿನ ಮೇಲಿಟ್ಟಳು. ಅಜ್ಜಿ ಮೀನಿನ ಪಾತ್ರೆ ಎತ್ತಿಕೊಂಡಳು. ಸೊಸೆ ಹಲಗೆಯ ಅಂಚಿನುದ್ದಕ್ಕೂ ಒಂದು ಹಿಡಿ ಹಿಟ್ಟು ಉದುರಿಸಿದಳು.

"ಇದು ದಡ. ಅಲೆ ನೇರ ಬರಲ್ಲ, ಓರೆಯಾಗಿ ಬರುತ್ತೆ. ದಿನಾ ನೋಡ್ತೀನಲ್ಲ." ಅಂಗೈಯನ್ನು ಓರೆ ಮಾಡಿ ಹಿಟ್ಟನ್ನು ಮೆಲ್ಲಗೆ ತಳ್ಳತೊಡಗಿದಳು. ಹಿಟ್ಟು ಅಂಚಿನಗುಂಟ ದಕ್ಷಿಣದಿಂದ ಉತ್ತರಕ್ಕೆ ಸರಿಯಿತು. "ಒಂದೊಂದು ಅಲೆಗೂ ಮರಳು ಒಂದೊಂದು ಗೇಣು ಈ ಕಡೆ ನಡೀತಾ ಇರುತ್ತೆ. ಇಲ್ಲಿದ್ದದ್ದು ಮುಂದೆ ಹೋಗುತ್ತೆ, ಹಿಂದಿಂದ ಬೇರೆ ಬರುತ್ತೆ. ಅದಕ್ಕೇ ಇಷ್ಟು ವರ್ಷ ದಡ ಇತ್ತು." ಈಗ ಲಟ್ಟಣಿಗೆಯನ್ನು ಅಡ್ಡ ಇಟ್ಟಳು. "ಇದು ನಿಮ್ಮ ಕಲ್ಲು." ಮತ್ತೆ ತಳ್ಳಿದಳು. ಲಟ್ಟಣಿಗೆಯ ಆ ಬದಿಗೆ ಹಿಟ್ಟು ಗುಡ್ಡೆಯಾಯಿತು. ಈ ಬದಿಯದು ಮುಂದೆ ಮುಂದೆ ಸರಿದು, ಹಿಂದಿನಿಂದ ಏನೂ ಬಾರದೆ, ಹಲಗೆಯ ಮರ ಬೋಳಾಗಿ ಕಂಡಿತು.

"ಗುಡ್ಡೆ ಇರೋದು ನಾದಿನಿ ಮನೆ. ಬೋಳು ಇರೋದು ನಾವು."

ಕ್ಲಿಪ್ಪು ಬೋಳು ಜಾಗದಲ್ಲಿ ಒಂದು ಬನ್ನಿನ ಚೂರಿಟ್ಟು "ಇದು ಅಜ್ಜ" ಅಂದಳು.

"ನಿಮ್ಮಪ್ಪ ಮೂವತ್ತೊಂದು ವರ್ಷ ಮರಳು ತೆಗೆದ್ರು," ಸೊಸೆ ಗಂಡನಿಗೇ ಹೇಳುತ್ತಿದ್ದರೂ ಕೇಳಬೇಕಾದವರಿಗೆ ಕೇಳುತ್ತಿತ್ತು. "ನೀವು ಕಲ್ಲು ಹಾಕ್ತಿದ್ದೀರಿ. ಅಪ್ಪ ಮಗ ಸೇರಿ ಮನೆ ತೊಳೆದಿಟ್ರಿ."

"ನಿನ್ನ ಬನ್ನು ತಿಂದ್ಕೊಂಡೇ ಅವರು ಕಲ್ಲು ಹಾಕೋದು, ಮರೀಬೇಡ," ಅಂದಳು ಅಜ್ಜಿ ಪಾತ್ರೆ ಹಿಡಿದೇ. "ಕ್ಯಾಂಟೀನಿಗೆ ಇನ್ನೂರು ಹೋಗುತ್ತಲ್ಲ."

"ನಾನೊಬ್ಬ ಬಿಟ್ರೆ ಗೋಡೆ ನಿಲ್ಲುತ್ತಾ? ನಾಳೆ ಬೆಳಿಗ್ಗೆ ಅದೇ ಸೀಟಲ್ಲಿ ಇನ್ನೊಬ್ಬ ಕೂರ್ತಾನೆ," ಎಂದು ಡ್ರೈವರು ಕೈ ತೊಳೆಯಲು ಎದ್ದ. ತಟ್ಟೆಯಲ್ಲಿ ಅರ್ಧ ಅನ್ನ ಹಾಗೇ ಇತ್ತು. ಸೊಸೆಯೂ ಉಣ್ಣಲಿಲ್ಲ.

"ಹೊರಗೆ ಕಡಲ್ಕೊರೆತ, ಒಳಗೆ ಸೊಸೆಯ ಕೊರೆತ," ಎಂದು ಅಜ್ಜ ಮೆಲ್ಲಗೆ ಗೊಣಗಿದ. ಅವನು ಇಬ್ಬರ ತಟ್ಟೆಯನ್ನೂ ಬಹಳ ಹೊತ್ತು ನೋಡುತ್ತ ಕೂತಿದ್ದ.

ಮರುದಿನ ಬೆಳಿಗ್ಗೆ ಹೊಸ್ತಿಲಲ್ಲಿ ನಿಂತು ಅವನು "ಇಪ್ಪತ್ತು" ಅಂದ. ಅದರ ಮರುದಿನ "ಇಪ್ಪತ್ತೊಂದು."

"ನಾನು ಹೇಳಿಲ್ವಾ?" ಅಂದ.

ಆಮೇಲಿನ ಮೂರು ವಾರ ಆ ಮನೆಯಲ್ಲಿ ಜನ ಎರಡನೇ ಸಲ ಬಡಿಸಿಕೊಂಡು ಉಂಡರು. ಸಂಖ್ಯೆ ಇಪ್ಪತ್ತರ ಆಸುಪಾಸು ಆಡುತ್ತಿತ್ತು. ಒಂದು ದಿನ ಇಳಿದರೆ ಎರಡು ದಿನ ಏರುತ್ತಿತ್ತು. ಡ್ರೈವರು ಮತ್ತೆ ಊಟದ ಹೊತ್ತಿಗೆ ಶಿಳ್ಳೆ ಹಾಕತೊಡಗಿದ. ಕ್ಲಿಪ್ಪು ಬಂದರಿನ ಎಂಜಿನಿಯರನ ಅಣಕ ಮಾಡುತ್ತಿದ್ದಳು. ಹೊಟ್ಟೆ ಮುಂದೆ ಮಾಡಿ, ಗಂಟಲನ್ನು ಕೊಡದೊಳಗಿಟ್ಟವಳಂತೆ, "ಮಹಾಜನರೇ, ಗಾಬರಿ ಬೇಡ, ಎಲ್ಲಾ ವೈಜ್ಞಾನಿಕವಾಗಿ ಕುಸೀತಿದೆ!" ಸೊಸೆ ಹೊಟ್ಟೆ ಹಿಡಿದು ನಕ್ಕಳು. ನಕ್ಕ ಅದೇ ವಾರ ಅವಳು ಮೇಸ್ತ್ರಿಯನ್ನು ಕರೆಸಿ ಭಟ್ಟಿಯ ಒಳಮೈಗೆ ಹೊಸ ಇಟ್ಟಿಗೆ ಹಾಕಿಸಿದಳು. ಹಳೆಯದು ಬಿರುಕು ಬಿಟ್ಟು ಎರಡು ವರ್ಷವಾಗಿತ್ತು; ಹೋಗುವುದೋ ಇರುವುದೋ ತಿಳಿಯದೆ ಮುಂದೂಡಿದ್ದಳು. ಐದು ದಿನ ಭಟ್ಟಿ ತಣ್ಣಗಿತ್ತು, ಐದು ದಿನ ಅವಳು ಮೇಸ್ತ್ರಿಯ ಜೊತೆ ಮಣ್ಣು ಕಲಸಿದಳು.

"ಮಾವ, ಖಂಡಿತ ತಾನೇ?" ಎಂದು ಇಟ್ಟಿಗೆ ತರಿಸುವ ಮುಂಚೆ ಕೇಳಿದ್ದಳು. "ಇಲ್ಲೇ ಇರೋದಾದ್ರೆ ಮಾತ್ರ ಹಾಕಿಸ್ತೀನಿ."

ಅಜ್ಜ ಚಹಾ ಕುಡಿಯುತ್ತಿದ್ದ. ಕೆಮ್ಮಿದ. "ಹಾಕ್ಸಮ್ಮ," ಅಂದ. ಲೋಟದಲ್ಲಿ ಎರಡು ಚಮಚ ಸಕ್ಕರೆ ಇತ್ತು.

ಇದೆಲ್ಲದರ ನಡುವೆ ಅಜ್ಜಿಗೆ ಒಂದು ಸಣ್ಣ ತಕರಾರಿತ್ತು. ಅವಳ ಹಗ್ಗ ಜೋಲುತ್ತಿತ್ತು.

"ರೀ, ಈ ಹಗ್ಗ ಬೆಳೀತಿದೆಯಾ?" ಎಂದಳು ಒಂದು ದಿನ. "ನಿನ್ನೆ ಬಿಗಿದು ಕಟ್ಟಿದೀನಿ, ಇವತ್ತು ಬಟ್ಟೆಯೆಲ್ಲ ಮರಳು ಸವರ್ತಿದೆ."

"ಉಪ್ಪು ಗಾಳಿ ಕಣೇ. ನೂಲು ಸಡಿಲ ಆಗುತ್ತೆ."

"ಐವತ್ತು ವರ್ಷದಿಂದ ಇದೇ ಗಾಳೀಲಿ ಬಟ್ಟೆ ಒಣಗಿಸ್ತಿದೀನಿ. ಆಗ ಸಡಿಲ ಆಗದ್ದು ಈಗ ಆಯ್ತಾ?"

"ಎಲ್ಲಾ ಸಡಿಲ ಆಗುತ್ತೆ. ನನ್ನ ಹಲ್ಲು ನೋಡು."

ಅಜ್ಜಿ ಅವನ ಹಲ್ಲು ನೋಡಲಿಲ್ಲ, ಮುಖ ನೋಡಿದಳು. ಆಮೇಲೆ ಒಳಗೆ ಹೋಗಿ ಕತ್ತರಿ ತಂದು, ಹೆಚ್ಚಾದ ತುದಿ ಕತ್ತರಿಸಿ, ಹಗ್ಗವನ್ನು ಮತ್ತೆ ಬಿಗಿದಳು. ಕತ್ತರಿಸಿದ್ದನ್ನು ಬಿಸಾಡಲಿಲ್ಲ. ಅವಳು ಏನನ್ನೂ ಬಿಸಾಡುವವಳಲ್ಲ. ಅಡುಗೆಮನೆಯ ಗೂಡಿನ ಬಿಸ್ಕತ್ತಿನ ಡಬ್ಬಿಯಲ್ಲಿ ಸುತ್ತಿಟ್ಟಳು. ಮೂರು ದಿನ ಬಿಟ್ಟು ಮತ್ತೆ ಜೋಲಿತು, ಮತ್ತೆ ಕತ್ತರಿಸಿದಳು. ಕವೆಗೋಲು ಎರಡರ ಜಾಗಕ್ಕೆ ಒಂದು ಸಾಕಾಯಿತು. ಕ್ಲಿಪ್ಪು ಹನ್ನೆರಡನೆಯ ಬಟ್ಟೆಗೆ ಜಾಗವಿಲ್ಲದೆ ಅದನ್ನು ಕಿಟಕಿಗೆ ನೇತುಹಾಕಿದಳು. ಆಮೇಲೆ ಹನ್ನೊಂದನೆಯದನ್ನು. ಅಜ್ಜಿ "ಹೂಂ, ಅಲ್ಲೇ ಹಾಕು" ಅಂದಳೇ ಹೊರತು ಬೇರೇನೂ ಹೇಳಲಿಲ್ಲ.

ಏಳನೆಯ ವಾರ ಹೊತ್ತಲ್ಲದ ಹೊತ್ತಿನಲ್ಲಿ ಗಾಳಿ ಎದ್ದಿತು. ಬೆಳಿಗ್ಗೆ ಅಜ್ಜ ತಡವಾಗಿ ಬಂದು "ಹದಿನೆಂಟು" ಎಂದು, ಕೇಳುವ ಮುಂಚೆಯೇ "ಗಾಳಿ ಅಲ್ವಾ, ಅದಕ್ಕೆ" ಅಂದ. ಸೊಸೆ ಮೊದಲ ಸುತ್ತಿನ ಬನ್ನಿನ ತಟ್ಟೆಯನ್ನು ಆರಿಸಲೆಂದು ಹಿತ್ತಿಲ ಕಟ್ಟೆಯ ಮೇಲಿಟ್ಟು ಒಳಗೆ ಹೋದಳು. ತಿರುಗಿ ಬಂದು ನೋಡಿದರೆ ಬನ್ನುಗಳ ಮೇಲೆ ಬಿಳಿಯ ಬುರುಗು ಕೂತಿತ್ತು, ಮದುವೆ ಕೇಕಿನ ಮೇಲೆ ಕ್ರೀಮು ಕೂರುವಂತೆ. ಒಂದನ್ನು ಬಾಯಿಗಿಟ್ಟಳು. ಉಗುಳಿದಳು.

ಉಪ್ಪು. ಕಡಲ ನೊರೆ.

ಅವಳು ಕಣ್ಣೆತ್ತಿ ನೋಡಿದಳು. ಭಟ್ಟಿಯ ಬೆಂಕಿ ನೋಡಿ ನೋಡಿ ದಣಿದ ಕಣ್ಣು. ಎಷ್ಟೋ ವಾರದಿಂದ ಆ ಕಡೆ ಸರಿಯಾಗಿ ನೋಡಿಯೇ ಇರಲಿಲ್ಲ. ಕೋಲು ಇತ್ತು. ಕೋಲಿಗೆ ಹಗ್ಗ ಇತ್ತು. ಹಗ್ಗದ ಮೇಲೆ ಬಟ್ಟೆ ಎಷ್ಟು? ಎಣಿಸಿದಳು. ಏಳು.

"ಮಾವ!"

ಆ ಕೂಗಿಗೆ ಕೆಲಸಕ್ಕೆ ಹೊರಟಿದ್ದ ಗಂಡನೂ ಲಾರಿಯ ಬೀಗದಕೈ ಸಮೇತ ಓಡಿಬಂದ.

"ಗೋಡೆಯಿಂದ ಕೋಲಿಗೆ ಎಷ್ಟು ಹೆಜ್ಜೆ ಮಾವ?"

"ಇಪ್ಪತ್ತೈದು. ಗೊತ್ತಲ್ಲ."

"ರೀ, ನಡೀರಿ ನೋಡೋಣ."

ಡ್ರೈವರು ನಡೆದ. ಹದಿನಾರಕ್ಕೆ ಕೋಲು ಕೈಗೆ ಸಿಕ್ಕಿತು. ಅವನು ಕೋಲನ್ನು ಹಿಡಿದು ಒಮ್ಮೆ ಅಲುಗಾಡಿಸಿದ. ಆಳವಾಗಿ ನೆಟ್ಟಿರಲಿಲ್ಲ, ಅಲ್ಲಾಡಿತು.

"ಅಪ್ಪ?"

ಅಜ್ಜಿ ಒಳಗೆ ಹೋಗಿ ಬಿಸ್ಕತ್ತಿನ ಡಬ್ಬಿ ತಂದಳು. ಮುಚ್ಚಳ ತೆಗೆದು ಮರಳಿನ ಮೇಲೆ ಕೂತು, ಹಗ್ಗದ ತುಂಡುಗಳನ್ನು ಒಂದಕ್ಕೊಂದು ಗಂಟು ಹಾಕತೊಡಗಿದಳು. ಕ್ಲಿಪ್ಪು ಒಂದು ತುದಿ ಹಿಡಿದು ಕೋಲಿನ ಬಳಿ ನಿಂತಳು. ಅಜ್ಜಿ ಇನ್ನೊಂದು ತುದಿ ಹಿಡಿದು ನೀರಿನ ಕಡೆ ನಡೆದಳು. ಒಂಬತ್ತು ಹೆಜ್ಜೆಗೆ ಹಗ್ಗ ಮುಗಿಯಿತು.

"ಕೋಲು ಮೊದಲಿದ್ದ ಜಾಗ ಇದು," ಎಂದಳು ಅಜ್ಜಿ, ಗಾಳಿಗೆ ಕೂಗಿ. ಅಲ್ಲಿಂದ ನೀರಿಗೆ ಎಣಿಸುವ ಅಗತ್ಯ ಯಾರಿಗೂ ಬೀಳಲಿಲ್ಲ. ಹದಿನೆಂಟರಲ್ಲಿ ಒಂಬತ್ತು ಕಳೆಯಲು ಎಲ್ಲರಿಗೂ ಬರುತ್ತಿತ್ತು.

"ಒಂಬತ್ತು," ಅಂದಳು ಸೊಸೆ. "ಹತ್ತಕ್ಕೆ ಹೊರಡೋದು ಅಂತ ಆಗಿತ್ತು. ಹೊಸ ಇಟ್ಟಿಗೆ ಹಾಕಿಸ್ದೆ ಮಾವ. ನಿಮ್ಮನ್ನ ಕೇಳಿ ಹಾಕಿಸ್ದೆ." ಅವಳ ದನಿ ಏರಲಿಲ್ಲ, ಅದೇ ಹೆಚ್ಚು ಕೆಟ್ಟದಾಗಿತ್ತು. "ಹಡಗಿಗೆ ಸುಳ್ಳು ಹೇಳಲಿಲ್ಲ. ನನಗೆ ಹೇಳಿದ್ರಿ."

"ಹಡಗು ಊಟ ಬಿಟ್ಟು ಏಳ್ತಿರಲಿಲ್ಲಮ್ಮ," ಅಂದ ಅಜ್ಜ.

ಕೋಲಿನ ಬುಡಕ್ಕೆ ಕಾಲಿನಿಂದ ಮರಳು ಒತ್ತುತ್ತ ಮುಂದುವರಿಸಿದ. "ಹತ್ತೊಂಬತ್ತು ಅಂದ ದಿನ ನೀವಿಬ್ರೂ ತಟ್ಟೆ ಬಿಟ್ಟು ಎದ್ರಿ. ಮಾರನೇ ದಿನ ಕೋಲನ್ನ ಒಂದು ಹೆಜ್ಜೆ ಈಚೆ ನೆಟ್ಟೆ. ನಾಳೆ ಮರಳು ಬಂದ್ರೆ ವಾಪಸ್ ಇಡೋಣ ಅಂತ. ಇಪ್ಪತ್ತು ಅಂದೆ. ಇವನು ಇನ್ನೊಂದು ಮೀನು ಹಾಕಿಸ್ಕೊಂಡ. ನೀನು ನಕ್ಕೆ. ಆಮೇಲೆ... ಮರಳು ಬರಲೇ ಇಲ್ಲ."

"ಅತ್ತೆ, ನಿಮಗೆ ಗೊತ್ತಿತ್ತು."

"ಎರಡನೇ ತುಂಡು ಕತ್ತರಿಸೋವಾಗ ಗೊತ್ತಾಯ್ತು," ಅಜ್ಜಿ ಹಗ್ಗ ಸುತ್ತುತ್ತಿದ್ದಳು. "ಈ ಮನುಷ್ಯ ಅಳತೆ ತಪ್ಪಿ ಹೇಳ್ತಾನೆ ಅಂದ್ರೆ ಒಳಗೆ ಎಷ್ಟು ಹೆದರಿರ್ಬೇಕು ಅಂತ ಬಾಯಿ ಬಿಡಲಿಲ್ಲ. ನೀನು ಇಟ್ಟಿಗೆ ತರಿಸಿದ ದಿನ ಬಿಡಬೇಕಿತ್ತು. ಬಿಡಲಿಲ್ಲ. ಅದು ನನ್ನ ತಪ್ಪು, ಬೈಯೋದಿದ್ರೆ ಬೈ."

ಸೊಸೆ ಒಳಗೆ ಹೋಗಿ ಸುತ್ತಿಗೆ ತಂದು ಅಜ್ಜನ ಕೈಗೆ ಕೊಟ್ಟಳು.

"ಮೊದಲನೇ ಏಟು ನಿಮ್ದೇ ಮಾವ. ಒಳಮೈ ಇಟ್ಟಿಗೆ ಹೊಸದು, ಜೋಪಾನ. ಒಂದೂ ಒಡೀಬಾರದು."

ಅಜ್ಜ ಗುಮ್ಮಟದ ಮುಂದೆ ಮೊಣಕಾಲೂರಿ ಕೂತ. ಮಣ್ಣು ಇನ್ನೂ ಪೂರ್ತಿ ಗಟ್ಟಿಯಾಗಿರಲಿಲ್ಲವಾದ್ದರಿಂದ ಇಟ್ಟಿಗೆಗಳು ಸುಲಭವಾಗಿ ಬಿಟ್ಟವು. ಹಳೆಯವು ಹಟ ಮಾಡಿದವು. ನಾಲ್ಕು ದಿನ ಬೇಕಾಯಿತು. ಒಳಗೆ ಅವನು ಬಿಚ್ಚಿ ಕೊಡುವುದು, ಸೊಸೆ ಕೆರೆದು ಒರೆಸುವುದು, ಕ್ಲಿಪ್ಪು ಜೋಡಿಸುವುದು. ಮಾವ ಸೊಸೆಯ ನಡುವೆ ಇಟ್ಟಿಗೆ ಓಡಾಡಿತೇ ಹೊರತು ಮಾತು ಓಡಾಡಲಿಲ್ಲ. ಬೆಳಗಿನ ಚಹಾಕ್ಕೆ ಸಕ್ಕರೆ ಇರಲಿಲ್ಲ. ಅಜ್ಜ ಪಥ್ಯದ ಮಾತೆತ್ತದೆ ಕುಡಿದ. ಕೋಲನ್ನು ಮೊದಲಿನ ಜಾಗದಲ್ಲೇ ನೆಟ್ಟು ಅವನು ದಿನಾ ಹೊಸ್ತಿಲಲ್ಲಿ ನಿಂತು, ಯಾರೂ ಕೇಳದಿದ್ದರೂ, ದೊಡ್ಡ ದನಿಯಲ್ಲಿ ಹೇಳುತ್ತಿದ್ದ. "ಎಂಟು." "ಏಳು." "ಏಳು." "ಐದು."

ಭಾನುವಾರ ಡ್ರೈವರು ಟಿಪ್ಪರನ್ನು ಬೇಡಿ ತಂದ. ಹನ್ನೊಂದು ವರ್ಷ ಈ ಬೀದಿಯಿಂದ ಕಡಲಿಗೆ ಕಲ್ಲು ಹೊತ್ತ ಲಾರಿ ಮೊದಲ ಸಲ ಕಡಲಿನಿಂದ ಈಚೆಗೆ ಏನನ್ನೋ ಹೊತ್ತಿತು. ಮೂರು ಟ್ರಿಪ್ಪು. ಕೊನೆಯದರಲ್ಲಿ ಮಂಚ, ಪಾತ್ರೆ, ನಾದುವ ಹಲಗೆ, ಮತ್ತೆ ಎಲ್ಲದರ ಮೇಲೆ ಉದ್ದಕ್ಕೆ ಮಲಗಿದ ಕೆಂಪು ಬಿಳಿ ಕೋಲು.

ನಾದಿನಿಯ ಗಂಡ ಶೆಡ್ಡಿನ ಬಾಗಿಲಲ್ಲಿ ಸೊಂಟಕ್ಕೆ ಕೈಯಿಟ್ಟು ಕಾದಿದ್ದ. ಅವನ ಹಿಂದೆ ಮರಳು, ಅದರಾಚೆಗೂ ಮರಳು, ಎಲ್ಲೋ ಕೊನೆಯಲ್ಲಿ ನೀರು.

"ಬನ್ನಿ ಮಾವ, ಬನ್ನಿ. ನಿಮಗೆ ಕಡಲು ಹತ್ತಿರ ಬಂತು ಅಂತ ಸಂಕಟ, ನಮಗೆ ದೂರ ಹೋಯ್ತು ಅಂತ. ಒಂದು ದೋಣಿ ನೀರಿಗಿಳಿಸೋಕೆ ಮೊದಲು ಆರು ಜನ ಸಾಕಿತ್ತು, ಈಗ ಇಪ್ಪತ್ತು ಜನ ಅರ್ಧ ದಿನ ಎಳೀಬೇಕು. ನಿಮಗೆ ಬರಬೇಕಾದ ಮರಳೆಲ್ಲ ನಮ್ಮ ಅಂಗಳದಲ್ಲಿ ಬಿದ್ದಿದೆ. ಬೇಕಾದ್ರೆ ತಗೊಂಡು ಹೋಗಿ!"

"ತಗೊಂಡು ಹೋಗೋಕೆ ಜಾಗ ಇಲ್ಲಪ್ಪ," ಅಂದ ಅಜ್ಜ. "ಅದಕ್ಕೇ ಮರಳಿನ ಹಿಂದೆ ನಾವೇ ಬಂದ್ವಿ."

ಭಟ್ಟಿ ಮತ್ತೆ ಏಳಲು ಎರಡು ವಾರ ಹಿಡಿಯಿತು. ಒಡೆದದ್ದು ನಾಲ್ಕೇ ಇಟ್ಟಿಗೆ, ಅವನ್ನು ಅಜ್ಜ ಒಂದು ಮೂಲೆಯಲ್ಲಿ ಜೋಡಿಸಿಟ್ಟು ಸೊಸೆಗೆ ತೋರಿಸಿದ. ಡ್ರೈವರು ಮೊದಲಿನಂತೆ ಬೆಳಿಗ್ಗೆ ಲಾರಿ ಹತ್ತಿ ಹೋಗುತ್ತಿದ್ದ. ಗೋಡೆ ಇನ್ನೂ ಇಪ್ಪತ್ತು ಗಜ ಬಾಕಿಯಿತ್ತು. ಊಟದ ಹೊತ್ತಿಗೆ ಸೊಸೆ ಟ್ರಿಪ್ಪು ಎಷ್ಟೆಂದು ಕೇಳುತ್ತಿರಲಿಲ್ಲ, ಅವನು ಶಿಳ್ಳೆಯನ್ನೂ ಹಾಕುತ್ತಿರಲಿಲ್ಲ.

ಅಜ್ಜ ಕೋಲನ್ನು ಶೆಡ್ಡಿನ ಹಿಂದೆ ನೆಟ್ಟಿದ್ದ. ಬೆಳಿಗ್ಗೆ ಮೊದಲು ಅದರಿಂದ ನೀರಿಗೆ ಅಳೆದು, ಆಮೇಲೆ ಬಂದರನ್ನು ಬಳಸಿಕೊಂಡು ಹಳೆಯ ಮನೆಯವರೆಗೆ ಹೋಗಿಬರುತ್ತಿದ್ದ. ಎರಡು ಸಂಖ್ಯೆ ತರುತ್ತಿದ್ದ. ಅಜ್ಜ ಬೆನ್ನು ತಿರುಗಿಸಿದ ಕೂಡಲೇ ಸೊಸೆ ಕ್ಲಿಪ್ಪನ್ನು ಕಳಿಸಿ ಶೆಡ್ಡಿನ ಹಿಂದಿನದನ್ನು ಮತ್ತೆ ಎಣಿಕೆ ಮಾಡಿಸುತ್ತಿದ್ದಳು. ಅವನಿಗೂ ಅದು ಗೊತ್ತಿತ್ತು.

ಹೊಸ ಭಟ್ಟಿಯ ಮೊದಲ ಬನ್ನು ಬೆಂದ ಬೆಳಿಗ್ಗೆ ಅವನು ಬಂದು ಹೊಸ್ತಿಲಲ್ಲಿ ನಿಂತ. ಕಾಲು ಕೊಡವಿದ.

"ಇಲ್ಲಿ ಅರವತ್ತೆರಡು."

"ಅಲ್ಲಿ?" ಅಜ್ಜಿ ಕೇಳಿದಳು.

"ರಾತ್ರಿಯ ಗಾಳಿಗೆ ಭಟ್ಟಿ ಇದ್ದ ಕೋಣೆ ಹೋಯ್ತು. ಈಗ ಪಕ್ಕದ ಮನೆಯವರ ಹಿತ್ತಿಲಿಗೆ ಬಂದಿದೆ. ಅವರು ನನ್ನ ಕರೆದು ಕೇಳಿದ್ರು, ಹೂಳಣ್ಣ, ಮರಳು ವಾಪಸ್ ಬರುತ್ತಾ ಅಂತ."

"ಏನಂದ್ರಿ?"

"ಬರಲ್ಲ ಅಂದೆ. ಬಿಚ್ಚೋಕೆ ಶುರು ಮಾಡಿ, ಬಂದು ಸಹಾಯ ಮಾಡ್ತೀನಿ ಅಂದೆ."

ಸೊಸೆ ಕೈಯ ಹಿಟ್ಟು ಒರೆಸಿಕೊಂಡು ಹಿಂದಿನ ಬಾಗಿಲಿನಿಂದ ಹೊರಗೆ ಹೋದಳು. ಇವತ್ತು ಕ್ಲಿಪ್ಪನ್ನು ಕಳಿಸಲಿಲ್ಲ. ತಾನೇ ಕೋಲಿನಿಂದ ನೀರಿಗೆ, ತುಟಿ ಅಲ್ಲಾಡಿಸುತ್ತ, ಎಣಿಸಿ ನಡೆದಳು. ಎಲ್ಲರೂ ಬಾಗಿಲಲ್ಲಿ ನಿಂತು ನೋಡಿದರು. ವಾಪಸು ಬಂದವಳು ಗೂಡಿನಿಂದ ಬಿಸ್ಕತ್ತಿನ ಡಬ್ಬಿ ಇಳಿಸಿ, ಗಂಟುಗಂಟಿನ ಹಗ್ಗವನ್ನು ಅಜ್ಜಿಯ ಹಗ್ಗದ ತುದಿಗೆ ಸೇರಿಸಿ, ಒಂದು ತುದಿಯನ್ನು ಶೆಡ್ಡಿನ ಕೊಕ್ಕೆಗೆ, ಇನ್ನೊಂದನ್ನು ಕೋಲಿಗೆ ಎಳೆದು ಬಿಗಿದಳು. ಬೆರಳಿನಿಂದ ಮೀಟಿ ನೋಡಿದಳು. ಟಂಯ್ ಅಂದಿತು.

"ಇನ್ನೂ ನಂಬಿಕೆ ಇಲ್ವೇನಮ್ಮ?" ಅಂದ ಅಜ್ಜ.

"ನಂಬಿಕೆ ಇದೆ ಮಾವ," ಎಂದು ಸೊಸೆ ಅವನ ಲೋಟಕ್ಕೆ ಎರಡು ಚಮಚ ಸಕ್ಕರೆ ಹಾಕಿ ಕದಡಿದಳು. "ಹಗ್ಗನೂ ಇದೆ."